ಹಸ್ಕಿನ್ಸ್ ಜಿಲ್ಲೆಯ ಉದಯ

ಕರ್ನಲ್ ಟ್ರೂಯಿಟ್ ಉಗಿದ ಹೊಗೆಸೊಪ್ಪಿನ ರಸ ನೆಟ್ಟಗೆ ಪೀಕದಾನಿಗೆ ಬಿದ್ದಿದ್ದರೆ ಒಬೆಡ್ ಹಸ್ಕಿನ್ಸ್ ಆ ದಿನವೂ ಬಾಯಿ ಮುಚ್ಚಿಕೊಂಡೇ ಕೂತಿರುತ್ತಿದ್ದ. ಕರ್ನಲ್ ಯುದ್ಧದಲ್ಲಿ ಹೇಗೆ ಗುರಿ ಇಟ್ಟಿದ್ದರೋ ನೋಡಿದವರಿಲ್ಲ. ಶಾಸನಸಭೆಯಲ್ಲಂತೂ ಅವರ ಗುರಿ ಕೆಟ್ಟದ್ದು. ರಸ ಬಂದು ಬಿದ್ದದ್ದು ಒಬೆಡನ ಮೇಜಿನ ಮೇಲೆ, ಇನ್ನೂರ ಹನ್ನೆರಡು ಜನ ರುಜು ಹಾಕಿದ್ದ ಅರ್ಜಿಯ ನಟ್ಟನಡುವೆ.

ಅದು ಸೇತುವೆಯ ಅರ್ಜಿ. ಒಬೆಡನ ಊರಿನ ಮುಂದೆ ಹರಿಯುವ ಟಾರಿ ಹೊಳೆಗೆ ಸೇತುವೆ ಇರಲಿಲ್ಲ. ಇದ್ದದ್ದು ಒಂದು ಹಳೇ ದೋಣಿ. ಹೋದ ಏಪ್ರಿಲ್‌ನಲ್ಲಿ ಅದು ಮಗುಚಿ ನಾಲ್ಕು ಜನ ಹೋದರು. ಅವರಲ್ಲಿ ಶಾಲೆಯ ಮೇಡಮ್ಮನೂ ಒಬ್ಬಳು. ಹೆಣ ಎತ್ತಿದವರಲ್ಲಿ ಒಬೆಡನೂ ಇದ್ದ. ಮರದ ಪೀಪಾಯಿ ಮಾಡಿ ಮಾರಿಕೊಂಡು ತನ್ನ ಪಾಡಿಗಿದ್ದ ಮನುಷ್ಯ, ಅವತ್ತೇ ಸುತ್ತಿಗೆ ಕೆಳಗಿಟ್ಟು ಚುನಾವಣೆಗೆ ನಿಂತ. ಯಾವ ಪಕ್ಷವೂ ಬೇಡ, ಸೇತುವೆ ಒಂದು ಸಾಕು ಅಂದ. ಊರಿನವರು ಗೆಲ್ಲಿಸಿ, ಹೊಸ ಬೂಟು ಹಾಕಿಸಿ ರಾಜಧಾನಿಗೆ ಕಳಿಸಿದರು.

ಇಲ್ಲಿ ಬಂದು ನೋಡಿದರೆ ಸಭೆಯೇ ಶುರುವಾಗಿರಲಿಲ್ಲ. ಸ್ಪೀಕರ್ ಆರಿಸದೆ ಮಸೂದೆಯಿಲ್ಲ, ಅರ್ಜಿಯಿಲ್ಲ, ಪ್ರಾರ್ಥನೆ ಬಿಟ್ಟರೆ ಬೇರೆ ಏನೂ ಇಲ್ಲ. ಆ ಸಭಾಂಗಣದಲ್ಲಿ ಒಂದೇ ಒಂದು ಕಬ್ಬಿಣದ ಒಲೆ. ಅದರ ಸುತ್ತ ಕರ್ನಲ್ ಟ್ರೂಯಿಟ್ ಅವರ ಪಕ್ಷದ ಮೂವತ್ತೇಳು ಜನ. ಅವರಿಗೆ ಒಲೆ ಕಡೆಯವರು ಅಂತ ಹೆಸರು. ಎದುರಿಗೆ ಥಂಡಿ ಗಾಳಿಯಲ್ಲಿ ವಕೀಲ ಎನಕ್ ವಾರ್ನಾಕ್ ಅವರ ಪಕ್ಷ. ಅದೂ ಮೂವತ್ತೇಳೇ ಜನ, ಅವರು ಕಿಟಕಿ ಕಡೆಯವರು. ನಡುವೆ ಓಡಾಡುವ ಜಾಗದಲ್ಲಿ, ಪೀಕದಾನಿಯ ಪಕ್ಕದ ಮೇಜಿನಲ್ಲಿ ಒಬ್ಬಂಟಿ ಒಬೆಡ್. ಸ್ಪೀಕರ್ ಆಗಲು ಮೂವತ್ತೆಂಟು ಮತ ಬೇಕು. ಸೇತುವೆಗೆ ಮಾತು ಕೊಟ್ಟವರಿಗೆ ನನ್ನ ಮತ ಅಂತ ಒಬೆಡ್ ಮೊದಲ ದಿನವೇ ಹೇಳಿದ್ದ. ಇಬ್ಬರೂ ಮಾತು ಕೊಡಲಿಲ್ಲ. ದೋಣಿಯ ಗುತ್ತಿಗೆದಾರ ಕ್ರಿಸ್ಮಸ್ಸಿಗೆ ಎರಡೂ ಕಡೆಯವರ ಮನೆಗೆ ತಪ್ಪದೆ ಹಂದಿ ತೊಡೆ ಕಳಿಸುವ ಮಹಾನುಭಾವ. ಹಾಗಾಗಿ ಹತ್ತೊಂಬತ್ತು ದಿನ, ಅರವತ್ತಮೂರು ಸಲ, ಮೂವತ್ತೇಳಕ್ಕೆ ಮೂವತ್ತೇಳು, ಒಂದು ಖಾಲಿ ಚೀಟಿ.

ಅರ್ಜಿಯ ಮೇಲೆ ಕಂದು ರಸ ನಿಧಾನವಾಗಿ ಹರಡಿತು. ಮೇಡಮ್ಮನ ಅಪ್ಪನ ರುಜು ಅದರಲ್ಲಿ ಮುಳುಗಿತು.

"ಅಯ್ಯೋ, ಒಂಚೂರು ಆಚೆ ಬಿತ್ತು. ಒರೆಸ್ಕೊಳಯ್ಯ ಪೀಪಾಯಿ," ಅಂದರು ಕರ್ನಲ್.

ಒಬೆಡ್ ಎದ್ದು ನಿಂತ. ಕಿವಿಯವರೆಗೆ ಕೆಂಪಾಗಿದ್ದ.

"ಥೂ ನಿಮ್ಮ! ನಾಚಿಕೆ ಅನ್ನೋದು ಇದೆಯೇನ್ರೀ ನಿಮಗೆ?" ಅವನ ದನಿಗೆ ಕಿಟಕಿಯ ಗಾಜು ಅದುರಿತು. "ಹತ್ತೊಂಬತ್ತು ದಿನ! ಒಂದು ಕುರ್ಚಿಗೆ! ನಮ್ಮೂರಲ್ಲಿ ಕುರ್ಚಿ ಬೇಕಂದ್ರೆ ಬೆಳಿಗ್ಗೆ ಮರ ಸೀಳಿ ಸಾಯಂಕಾಲದೊಳಗೆ ನಾಲ್ಕು ಕಾಲು ಹೊಡೀತೀವಿ. ಅದರ ಮೇಲೆ ಕೂರೋಕೆ ಒಬ್ಬನ್ನ ಹುಡುಕೋಕೆ ನಿಮಗೆ ತಿಂಗಳು ಬೇಕಾ? ಇಲ್ಲಿ ರುಜು ಹಾಕಿದಾರಲ್ಲ, ಇದರಲ್ಲಿ ಮಗಳನ್ನ ಕಳ್ಕೊಂಡವರಿದಾರೆ, ಗಂಡನ್ನ ಕಳ್ಕೊಂಡವರಿದಾರೆ. ಬರೆಯೋಕೆ ಬಾರದವರು ಕಷ್ಟಪಟ್ಟು ಗೀಟು ಎಳೆದಿದಾರೆ. ಅದರ ಮೇಲೆ ಉಗೀತೀರಾ? ನೀವು ಜನರ ಪ್ರತಿನಿಧಿಗಳಾ, ಇಲ್ಲಾ ಒಲೆ ಹತ್ತಿರ ಮಲಗೋ ಬೆಕ್ಕುಗಳಾ? ಯಾರಾದ್ರೂ ಒಬ್ಬರು ಹೋಗಿ ಕೂತ್ಕೊಳ್ರೀ ಅಲ್ಲಿ! ಕತ್ತೆಯಾದ್ರೂ ಆಗಬಹುದು!"

ಕರ್ನಲ್ ಟ್ರೂಯಿಟ್ ವಕೀಲ ವಾರ್ನಾಕರ ಕಡೆ ನೋಡಿದರು. ಹತ್ತೊಂಬತ್ತು ದಿನದಲ್ಲಿ ಅವರಿಬ್ಬರೂ ಒಬ್ಬರ ಮುಖ ಒಬ್ಬರು ನೋಡಿದ್ದು ಅದೇ ಮೊದಲು.

ಕರ್ನಲ್ ಎದ್ದರು. "ಸನ್ಮಾನ್ಯರೇ, ಇಂಥ ಸತ್ಯವಂತ ನಮ್ಮ ನಡುವೆ ಇದ್ದಾಗ ನಾವು ಸ್ಪೀಕರನ್ನ ಎಲ್ಲೆಲ್ಲೋ ಹುಡುಕ್ತಾ ಇದ್ವಲ್ಲ! ಒಬೆಡ್ ಹಸ್ಕಿನ್ಸ್ ಅವರ ಹೆಸರನ್ನ ನಾನು ಸೂಚಿಸ್ತೀನಿ."

"ಅನುಮೋದಿಸ್ತೀನಿ," ಅಂದರು ವಾರ್ನಾಕ್, ಕುರ್ಚಿಯಿಂದ ಅರ್ಧ ಏಳುತ್ತಲೇ.

"ಏಯ್, ನಾನು ಹೇಳಿದ್ದು ಹಾಗಲ್ಲ..." ಅಂತ ಒಬೆಡ್ ಬಾಯಿ ತೆರೆಯುವಷ್ಟರಲ್ಲಿ ಎಪ್ಪತ್ನಾಲ್ಕು ಜನ ಹೋ ಅಂದರು. ಸರ್ವಾನುಮತ. ನಾಲ್ಕು ಜನ ಅವನನ್ನು ಮದುಮಗನಂತೆ ಎತ್ತಿ ತಂದು ಎತ್ತರದ ಕುರ್ಚಿಯಲ್ಲಿ ಕೂರಿಸಿದರು. ಬಾಗಿಲು ಕಾಯುವ ಮುದುಕ ಗಿಡಿಯನ್ ಪೂಲ್ ಓಡಿ ಬಂದು ಸೊಂಟ ಬಗ್ಗಿಸಿ ನಮಸ್ಕರಿಸಿದ. ಹಿಂದಿನ ದಿನವಷ್ಟೇ ಒಬೆಡನ ಬೂಟಿನ ಕೆಸರು ನೋಡಿ, "ಸರಕು ಇಳಿಸೋರು ಹಿಂದಿನ ಬಾಗಿಲಿಂದ ಬರ್ಬೇಕು" ಅಂದಿದ್ದವನು ಅವನೇ.

ಕುರ್ಚಿಯಲ್ಲಿ ಕೂತ ಮೇಲೆ ಒಬೆಡನಿಗೆ ಬುದ್ಧಿ ಓಡಿತು. ಸ್ಪೀಕರ್ ಮೇಜು ಬಡಿಯುವ ಮರದ ಕೊಡತಿ ಈಗ ತನ್ನ ಕೈಯಲ್ಲಿದೆ. ಇನ್ನು ತಡ ಯಾಕೆ? ಮೇಜಿಗೆ ಒಂದೇಟು ಹಾಕಿದ. ಪೀಪಾಯಿಗೆ ಹೊಡೆದು ರೂಢಿಯಾದ ಕೈ, ಗುಮಾಸ್ತ ಫೆಲ್ಪ್ಸನ ಮಸಿ ಕುಡಿಕೆ ಹಾರಿಬಿತ್ತು.

"ಮೊದಲು ಟಾರಿ ಹೊಳೆ ಸೇತುವೆ ಮಸೂದೆ," ಅಂದ.

"ಖಂಡಿತ, ಸ್ಪೀಕರ್ ಸಾಹೇಬರೇ!" ವಾರ್ನಾಕ್ ಕೈ ಜೋಡಿಸಿದರು. "ಯಾರು ಬೇಡ ಅಂತಾರೆ? ಊಟ ಮುಗಿಸಿ ಬಂದ ತಕ್ಷಣ ಅದೇ ತಗೊಳ್ಳೋಣ. ಅದಕ್ಕೆ ಮೊದಲು ಈ ಸಭೆ ತನ್ನ ಸ್ಪೀಕರ್‌ಗೆ ಒಂದು ಸಣ್ಣ ಗೌರವ ಸಲ್ಲಿಸೋದು ಬೇಡ್ವಾ? ನಿಮ್ಮ ಜಿಲ್ಲೆ ತುಂಬ ದೊಡ್ಡದು. ಕೋರ್ಟಿಗೆ ಹೋಗೋಕೆ ಜನ ಎರಡು ದಿನ ಕುದುರೆ ಮೇಲೆ ಕೂರ್ತಾರೆ. ಅದರ ಪಡುವಣ ಭಾಗ ಬಿಡಿಸಿ ಹೊಸ ಜಿಲ್ಲೆ ಮಾಡೋಣ ಅಂತ ನಮ್ಮ ಆಸೆ. ಅದಕ್ಕೆ..." ಇಲ್ಲಿ ಅವರು ಗಂಟಲು ಸರಿಮಾಡಿಕೊಂಡರು, "ಹಸ್ಕಿನ್ಸ್ ಜಿಲ್ಲೆ ಅಂತ ಹೆಸರು."

ಒಬೆಡನ ಕೋಪ ಹತ್ತೊಂಬತ್ತು ದಿನದಲ್ಲಿ ಮೊದಲ ಬಾರಿಗೆ ಸ್ವಲ್ಪ ಕೆಳಗಿಳಿಯಿತು. ಹಸ್ಕಿನ್ಸ್ ಜಿಲ್ಲೆ! ನಕ್ಷೆಯ ಮೇಲೆ ದಪ್ಪ ಅಕ್ಷರದಲ್ಲಿ! ಅವನ ಅಪ್ಪನ ಹೆಸರು ಗೋರಿಯ ಹಲಗೆಯ ಮೇಲೂ ತಪ್ಪಾಗಿ ಕೆತ್ತಿತ್ತು.

"ಅದೆಲ್ಲಾ ಯಾಕೆ ಬಿಡಿ," ಅಂದ. ಆದರೂ ಕತ್ತು ಮುಂದಕ್ಕೆ ಚಾಚಿ, "ಎಲ್ಲಿ, ನಕ್ಷೆ ನೋಡೋಣ," ಅಂದ.

ಹಿಂದೆಂದೋ ತಯಾರಾಗಿ ಕಪಾಟಿನಲ್ಲಿ ಬಿದ್ದಿದ್ದ ನಕ್ಷೆ ತಂದು ಹಾಸಿದರು. ಕರ್ನಲ್ ಒಂದು ಕಡೆ, ವಾರ್ನಾಕ್ ಇನ್ನೊಂದು ಕಡೆ, ತಲೆಗೆ ತಲೆ ತಾಗುವ ಹಾಗೆ ಬಗ್ಗಿದರು. ಕೆಂಪು ಶಾಯಿಯಲ್ಲಿ ಗಡಿ ಎಳೆದಿತ್ತು. ಅದು ಒಬೆಡನ ಊರಿನ ಹಿಂದಿನ ಹಳ್ಳದ ಗುಂಟ ಬಂದು, ಅವನ ಮನೆಯ ಕೊಟ್ಟಿಗೆ ಸಿಗುವ ಮೊದಲೇ ಪಕ್ಕಕ್ಕೆ ತಿರುಗಿಕೊಂಡಿತ್ತು.

ಒಬೆಡ್ ಬೆರಳಿಟ್ಟು ನೋಡಿದ. ಇನ್ನೊಮ್ಮೆ ನೋಡಿದ. ಇಳಿದ ಕೋಪ ಮತ್ತೆ ಏರಿತು.

"ಏನ್ರೀ ಇದು ಅನ್ಯಾಯ? ಹಸ್ಕಿನ್ಸ್ ಜಿಲ್ಲೆ ಅಂತೀರಿ, ಹಸ್ಕಿನ್ಸ್ ಮನೇನೇ ಇಲ್ಲ ಅದರಲ್ಲಿ!"

"ಸಾಹೇಬರೇ, ಹಳ್ಳ ಹೇಗೆ ಹರಿಯುತ್ತೋ ಗಡಿನೂ ಹಾಗೆ," ಅಂದರು ಕರ್ನಲ್ ಮೆಲ್ಲಗೆ. "ಅದನ್ನ ಬದಲಾಯಿಸೋದು ಕಷ್ಟ."

"ಕಷ್ಟ ಏನು ಬಂತು? ನಾಳೆ ನನ್ನ ಹೆಸರಿನ ಜಿಲ್ಲೆಗೆ ನಾನು ಬೇಲಿ ದಾಟಿ ನೆಂಟನ ಹಾಗೆ ಹೋಗ್ಬೇಕಾ? ಊರವರು ನಗಲ್ವಾ? ನನ್ನ ಮನೆ, ನನ್ನ ಅಂಗಡಿ, ನನ್ನ ಕೊಟ್ಟಿಗೆ ಎಲ್ಲಾ ಒಳಗೆ ಬರ್ಬೇಕು. ಇಲ್ಲಾಂದ್ರೆ ಈ ಜಿಲ್ಲೆನೇ ಬೇಡ ನನಗೆ!"

"ಯೋಚನೆ ಮಾಡಿ ಹೇಳ್ತಿದೀರಾ?" ವಾರ್ನಾಕ್ ಕೇಳಿದರು. "ಆಮೇಲೆ ನಾವು ಒತ್ತಾಯ ಮಾಡಿದ್ವಿ ಅನ್ಬಾರ್ದು."

"ಇದರಲ್ಲಿ ಯೋಚನೆ ಮಾಡೋದೇನಿದೆ? ಕೊಡ್ರೀ ಇಲ್ಲಿ!" ಒಬೆಡ್ ಗುಮಾಸ್ತನ ಕೈಯಿಂದ ಲೇಖನಿ ಕಿತ್ತುಕೊಂಡು, ತನ್ನ ಮನೆಯ ಸುತ್ತ ತಾನೇ ಒಂದು ಸುತ್ತು ಎಳೆದ. ಗಡಿಗೆ ಹೊಟ್ಟೆ ಬಂದ ಹಾಗಾಯಿತು.

"ನಿಮ್ಮಿಷ್ಟ," ಅನ್ನುತ್ತ ಕರ್ನಲ್ ಕರವಸ್ತ್ರದಿಂದ ಮೀಸೆ ಒರೆಸಿಕೊಂಡರು. ಮೀಸೆ ಒರೆಸಲು ಬಹಳ ಹೊತ್ತು ಹಿಡಿಯಿತು.

ಮಸೂದೆಯ ಮೂರು ವಾಚನಗಳೂ ಕಾಲು ಗಂಟೆಯಲ್ಲಿ ಮುಗಿದವು. ಮೇಲ್ಮನೆಯವರು ಊಟಕ್ಕೆ ಏಳುವ ಆತುರದಲ್ಲಿದ್ದರು. ಅವರೂ ಒಪ್ಪಿದರು. ಸ್ಪೀಕರ್ ಒಬೆಡ್ ನಾಲಿಗೆಯ ತುದಿ ಹೊರಗೆ ಹಾಕಿಕೊಂಡು ಸುಂದರವಾಗಿ ರುಜು ಹಾಕಿದ. ಎದುರಿನ ಹೋಟೆಲಿನಲ್ಲಿ ಬಾತುಕೋಳಿ ತಿನ್ನುತ್ತಿದ್ದ ಗವರ್ನರು ಎಡಗೈಯಲ್ಲಿ ಅದರ ತೊಡೆ ಹಿಡಿದುಕೊಂಡೇ ಬಲಗೈಯಲ್ಲಿ ಸಹಿ ಗೀಚಿದರು. ಎರಡು ಗಂಟೆಗೆ ಹಸ್ಕಿನ್ಸ್ ಜಿಲ್ಲೆ ಹುಟ್ಟಿತು. ಒಬೆಡ್ ಜೋಳದ ರೊಟ್ಟಿ, ಹುರುಳಿ ಬೇಯಿಸಿದ್ದು ಎರಡೆರಡು ಸಲ ಹಾಕಿಸಿಕೊಂಡು ಉಂಡ.

ಮೂರಕ್ಕೆ ಸಭೆ ಸೇರಿತು. ಒಬೆಡ್ ರಸದ ಕಲೆಯಾಗಿದ್ದ ಅರ್ಜಿಯನ್ನು ಮುಂದಿಟ್ಟುಕೊಂಡು ಕೊಡತಿ ಎತ್ತಿದ.

"ಟಾರಿ ಹೊಳೆ ಸೇತುವೆ..."

"ಕ್ರಿಯಾಲೋಪ, ಸ್ಪೀಕರ್ ಸಾಹೇಬರೇ! ನಿಯಮ ತಪ್ಪಿದೆ!" ವಾರ್ನಾಕ್ ಎದ್ದು ನಿಂತಿದ್ದರು. ಕೈಯಲ್ಲಿ ರಾಜ್ಯದ ಸಂವಿಧಾನ, ನಡುವೆ ಬೆರಳು. "ಒಂದು ಸಣ್ಣ ಸಂದೇಹ. ತಮ್ಮ ಮನೆ ಯಾವ ಜಿಲ್ಲೆಯಲ್ಲಿದೆ?"

"ಹಸ್ಕಿನ್ಸ್ ಜಿಲ್ಲೆ!" ಅಂದ ಒಬೆಡ್. ಎದೆ ತಾನಾಗಿಯೇ ಉಬ್ಬಿತು.

"ತಾವು ಆರಿಸಿ ಬಂದದ್ದು?"

"ಹಳೇ ಜಿಲ್ಲೆಯಿಂದ. ಇದೇನ್ರೀ ಕೇಳೋ ಮಾತಾ?"

"ಯಾವ ಜಿಲ್ಲೆಯ ಪ್ರತಿನಿಧಿಯೋ ಆ ಜಿಲ್ಲೆಯಲ್ಲೇ ವಾಸ ಇರ್ಬೇಕು, ಇಲ್ಲದಿದ್ರೆ ಸ್ಥಾನ ತೆರವಾಗುತ್ತೆ ಅಂತ ಬರೆದಿದೆ ಇಲ್ಲಿ. ತಾವು ಇವತ್ತು ಎರಡು ಗಂಟೆಯಿಂದ ಆ ಜಿಲ್ಲೆಯಲ್ಲಿ ವಾಸ ಇಲ್ಲ."

"ನಾನೇನು ಮನೆ ಹೊತ್ಕೊಂಡು ಹೋದ್ನಾ? ಮನೆ ಇದ್ದಲ್ಲೇ ಇದೆಯಲ್ರೀ!"

"ಮನೆ ಇದ್ದಲ್ಲೇ ಇದೆ. ಜಿಲ್ಲೆ ಹೋಯ್ತು," ಅಂದರು ವಾರ್ನಾಕ್, ಸಾವಿನ ಮನೆಯಲ್ಲಿ ಮಾತಾಡುವವರ ದನಿಯಲ್ಲಿ.

ಒಬೆಡನ ಕೈಯಲ್ಲಿ ಕೊಡತಿ ಹಾಗೇ ನಿಂತಿತ್ತು. "ಸರಿ, ಹಾಗಾದ್ರೆ ನಾನು ಹಸ್ಕಿನ್ಸ್ ಜಿಲ್ಲೆ ಪ್ರತಿನಿಧಿ!"

ಗುಮಾಸ್ತ ಫೆಲ್ಪ್ಸ್ ಕೆಮ್ಮಿದ. "ಹೊಸ ಜಿಲ್ಲೆಗೆ ಮುಂದಿನ ಜನಗಣತಿವರೆಗೆ ಪ್ರತಿನಿಧಿ ಇರಲ್ಲ, ಸಾಹೇಬರೇ. ಮಸೂದೆಯ ಕೊನೇ ಸಾಲಲ್ಲಿದೆ. ನಾನು ಓದಿದ್ದೆ. ತಾವು ಆಗ ರುಜು ಅಭ್ಯಾಸ ಮಾಡ್ತಿದ್ರಿ."

"ಜನಗಣತಿ ಯಾವಾಗ?"

"ಇನ್ನಾರು ವರ್ಷಕ್ಕೆ."

"ಮೋಸ!" ಒಬೆಡ್ ಕೂಗಿದ. "ಹಗಲು ದರೋಡೆ! ಮನುಷ್ಯನ್ನ ಕುರ್ಚಿ ಮೇಲೆ ಕೂರಿಸಿ ಕಾಲ ಕೆಳಗಿನ ನೆಲ ಕದೀತೀರಾ?"

"ಕೋಪ ಬೇಡಿ," ಕರ್ನಲ್ ಸಮಾಧಾನ ಹೇಳಿದರು. "ಕ್ರಿಯಾಲೋಪಕ್ಕೆ ತೀರ್ಪು ಕೊಡೋ ಅಧಿಕಾರ ಸ್ಪೀಕರ್‌ದೇ. ತಾವು ಈ ಸಭೆಯಲ್ಲಿ ಇದೀರೋ ಇಲ್ವೋ ತಾವೇ ಹೇಳ್ಬಿಡಿ."

"ಇದೀನಿ!" ಕೊಡತಿ ಮೇಜಿಗೆ ಬಿತ್ತು. ಈ ಸಲ ಅದರ ತಲೆಯೇ ಹಾರಿ ಒಲೆಯ ಹಿಂದೆ ಹೋಯಿತು.

"ತೀರ್ಪಿನ ಮೇಲೆ ಸಭೆಗೆ ಮೇಲ್ಮನವಿ," ಅಂದರು ವಾರ್ನಾಕ್. ಸ್ಪೀಕರ್ ಹೇಳಿದ್ದು ತಪ್ಪು ಅನ್ನುವವರು ಕೈ ಎತ್ತಬೇಕು. ಒಲೆ ಕಡೆ ಮೂವತ್ತೇಳು ಕೈ, ಕಿಟಕಿ ಕಡೆ ಮೂವತ್ತೇಳು ಕೈ. ಸರ್ವಾನುಮತದಿಂದ ಒಬೆಡ್ ಹಸ್ಕಿನ್ಸ್ ಅಲ್ಲಿ ಇರಲಿಲ್ಲ.

ಗಿಡಿಯನ್ ಪೂಲ್ ಬಂದು ಮೊಣಕೈ ಹಿಡಿದ. "ನಡೀರಿ. ಸಾರ್ವಜನಿಕರಿಗೆ ಮೇಲೆ ಗ್ಯಾಲರಿ."

ಒಬೆಡ್ ಅರ್ಜಿಯನ್ನು ಎದೆಗೊತ್ತಿಕೊಂಡು ಗ್ಯಾಲರಿ ಹತ್ತಿದ. ಅಲ್ಲಿ ಇಬ್ಬರು ಹೆಂಗಸರು ಹೆಣಿಗೆ ಹಾಕುತ್ತಿದ್ದರು. ಅವನ ಅವತಾರ ನೋಡಿ ತಮ್ಮ ನೂಲಿನ ಉಂಡೆಗಳನ್ನು ಹತ್ತಿರ ಎಳೆದುಕೊಂಡರು. ಕೆಳಗೆ ನಾಲ್ಕೇ ನಿಮಿಷದಲ್ಲಿ ಹೊಸ ಸ್ಪೀಕರ್ ಆಯ್ಕೆ ನಡೆಯಿತು. ಒಂದೇ ನಕ್ಷೆಯ ಮೇಲೆ ಬಗ್ಗಿದ ಹೊತ್ತಿನಲ್ಲಿ ಆ ಇಬ್ಬರು ಶತ್ರುಗಳು ಎಲ್ಲ ಮಾತಾಡಿಕೊಂಡಿದ್ದರು. ಫೆಬ್ರವರಿ ಮುಗಿಯುವವರೆಗೆ ಕರ್ನಲ್ ಟ್ರೂಯಿಟ್, ಆಮೇಲೆ ವಕೀಲ ವಾರ್ನಾಕ್. ಹತ್ತೊಂಬತ್ತು ದಿನ ಯಾರಿಗೂ ಹೊಳೆಯದೆ ಇದ್ದ ಉಪಾಯ.

ಕರ್ನಲ್ ಕುರ್ಚಿಯಲ್ಲಿ ಕೂತು ಫೆಲ್ಪ್ಸನ ಕೈಯಿಂದ ಪಟ್ಟಿ ತೆಗೆದುಕೊಂಡರು. "ಮೊದಲನೇದು, ಟಾರಿ ಹೊಳೆ ಸೇತುವೆ ಮಸೂದೆ. ಮಂಡಿಸೋರು?"

ಯಾರೂ ಏಳಲಿಲ್ಲ.

"ಮಂಡಿಸೋರು ಹಾಜರಿಲ್ಲ. ಮಸೂದೆ ಬಿದ್ದುಹೋಯಿತು."

"ಇಲ್ಲಿದೀನಲ್ರೋ!" ಒಬೆಡ್ ಕಟಕಟೆಯ ಮೇಲೆ ಅರ್ಧ ದೇಹ ಹೊರಗೆ ಚಾಚಿ ಅರಚಿದ. "ನಾಲ್ಕು ಜನ ಸತ್ತಿದಾರೆ! ಮತ್ತೆ ಏಪ್ರಿಲ್ ಬರುತ್ತೆ, ಮತ್ತೆ ಹೊಳೆ ತುಂಬುತ್ತೆ! ನನ್ನ ಸ್ಥಾನ ಇಟ್ಕೊಳ್ಳಿ, ಜಿಲ್ಲೆ ಇಟ್ಕೊಳ್ಳಿ, ಬೇಕಾದ್ರೆ ದೋಣಿಯವನ ಹೆಸರೇ ಇಡಿ ಅದಕ್ಕೆ! ಸೇತುವೆ ಕೊಡ್ರೋ! ನಿಮ್ಮಲ್ಲಿ ಒಬ್ಬನಾದ್ರೂ ಎದ್ದು ನಿಲ್ರೋ!"

ಒಲೆ ಕಡೆಯ ಒಬ್ಬ ಬೂಟಿನ ತುದಿ ನೋಡಿಕೊಂಡ. ಕಿಟಕಿ ಕಡೆಯ ಇನ್ನೊಬ್ಬ ಹೊರಗೆ ಬೀಳುತ್ತಿದ್ದ ಹಿಮ ನೋಡಿದ. ಎದ್ದವರಿಲ್ಲ.

"ಗ್ಯಾಲರಿಯಲ್ಲಿ ಯಾರೋ ಅಪರಿಚಿತರು ಸದ್ದು ಮಾಡ್ತಿದಾರೆ," ಅಂದರು ಸ್ಪೀಕರ್ ಟ್ರೂಯಿಟ್. "ಹೊರಗೆ ಕಳಿಸಿ."

ಗಿಡಿಯನ್ ಪೂಲ್ ಮೆಟ್ಟಿಲು ಹತ್ತಿ ಬಂದು ಒಬೆಡನ ಕೋಟಿನ ಕಾಲರಿಗೆ ಕೈ ಹಾಕಿದ. ದರದರ ಎಳೆದುಕೊಂಡು ಕೆಳಗಿಳಿಸಿ ಹೆಬ್ಬಾಗಿಲ ಹತ್ತಿರ ತಂದವನು, ಒಳಗಿನ ದನಿ ಕೇಳಿ ಥಟ್ಟನೆ ನಿಂತ. ತಲೆಯ ಮೇಲಿನ ಟೋಪಿ ತೆಗೆದ. ಕಾಲರ್ ಮಾತ್ರ ಬಿಡಲಿಲ್ಲ.

"ತಡೀರಿ," ಅಂತ ಪಿಸುಗುಟ್ಟಿದ. "ಮಾಜಿ ಸ್ಪೀಕರ್‌ಗೆ ವಂದನಾ ನಿರ್ಣಯ ಓದ್ತಿದಾರೆ. ಮುಗಿಯೋವರೆಗೆ ಅಲ್ಲಾಡಬಾರದು. ನಿಯಮ."

ಒಳಗೆ ಎಪ್ಪತ್ನಾಲ್ಕು ಜನ ಎದ್ದು ನಿಂತಿದ್ದರು. ಒಬೆಡ್ ಹಸ್ಕಿನ್ಸ್ ಅವರ ನಿಷ್ಪಕ್ಷಪಾತ, ನಿಸ್ವಾರ್ಥ, ಮರೆಯಲಾಗದ ಸೇವೆಯನ್ನು ಫೆಲ್ಪ್ಸ್ ಮೂಗಿನಲ್ಲಿ ಓದಿದ. ಸೇವೆ ನಡೆದದ್ದು ನಾಲ್ಕು ಗಂಟೆ ಕಾಲ, ಊಟದ ಹೊತ್ತೂ ಸೇರಿ. ಹೋ ಅನ್ನುವ ಸರ್ವಾನುಮತದ ಕೂಗಿಗೆ ಚಾವಣಿಯ ಧೂಳು ಉದುರಿತು.

ಗಿಡಿಯನ್ ಟೋಪಿ ಹಾಕಿಕೊಂಡು ಬಾಗಿಲು ತೆರೆದ. ಒಬೆಡನನ್ನು ಮೆಟ್ಟಿಲ ಮೇಲೆ ಹಿಮದಲ್ಲಿ ನಿಲ್ಲಿಸಿ, ಅವನ ಕಾಲರನ್ನು ತಾನೇ ಸರಿಮಾಡಿದ.

"ಅಭಿನಂದನೆ ಸ್ವಾಮಿ," ಅಂದ ಮನಸಾರೆ. "ಮೂವತ್ತು ವರ್ಷದಿಂದ ಈ ಬಾಗಿಲು ಕಾಯ್ತಿದೀನಿ. ಒಂದೇ ದಿನದಲ್ಲಿ ಮೂರು ಸಲ ಸರ್ವಾನುಮತ ಪಡೆದೋರು ನೀವೊಬ್ಬರೇ."

ಹಾಗಂದು ಬಾಗಿಲು ಎಳೆದುಕೊಂಡ.