ಸಣ್ಣ ರಾಜರ ಪಕ್ಕದಲ್ಲಿ ನಾನು

ಅರಮನೆಯ ಹೊಸ್ತಿಲು ಸವೆಸಿದವನ ಮನೆಯಲ್ಲಿ ಅರಮನೆಯ ಕಳೆ ಇರುತ್ತದೆ ಎಂದು ನೀವು ತಿಳಿದಿದ್ದರೆ, ದಯವಿಟ್ಟು ಒಮ್ಮೆ ನಮ್ಮ ಮನೆಗೆ ಬನ್ನಿ. ಕೊಯಮತ್ತೂರಿನ ಒಂದು ತಮಿಳು ಪತ್ರಿಕೆಯಲ್ಲಿ ನಿವೃತ್ತಿಯವರೆಗೂ ನಾನು ಬರೆದದ್ದು ಜಮೀನ್ದಾರರ ಮನೆ ಮದುವೆ, ಗಿರಣಿ ಮಾಲೀಕರ ಷಷ್ಟ್ಯಬ್ದಿ, ಕ್ಲಬ್ಬಿನ ಗುಲಾಬಿ ಪ್ರದರ್ಶನ, ಇಂಥವೇ. ನೇಕಾರರ ಮನೆಯಲ್ಲಿ ಹುಟ್ಟಿದ್ದು ಒಂದಕ್ಕೆ ಪ್ರಯೋಜನವಾಯಿತು. ಬೇರೆ ವರದಿಗಾರರು ರಾಣಿಯಮ್ಮನವರದು ‘ಬೆಲೆಬಾಳುವ ಸೀರೆ’ ಎಂದು ಬರೆದು ಕೈತೊಳೆದುಕೊಂಡರೆ, ನಾನು ಅಂಚು, ಸೆರಗು, ಜರಿಯ ಜಾತಕವನ್ನೇ ಬರೆದುಬಿಡುತ್ತಿದ್ದೆ. ಆನೈಮಲೈ ಕಡೆಯ ಜಮೀನ್ದಾರರು, ಊರಿಗೆಲ್ಲ ‘ದೊಡ್ಡ ರಾಜರು’, ಅದನ್ನು ಓದಿಸಿಕೊಂಡು ನಗುತ್ತಿದ್ದರು. ನಾನು ಹೋದಾಗೆಲ್ಲ ತಮ್ಮ ತೋಟದ ಎಳನೀರು ಕೊಡಿಸಿ, “ಮೊದಲು ಕುಡಿ ತಂಬಿ, ಪೇಪರು ಎಲ್ಲಿಗೂ ಓಡಿಹೋಗೋದಿಲ್ಲ” ಎನ್ನುತ್ತಿದ್ದರು. ಅವರು ತೀರಿಕೊಂಡ ದಿನ ಸುದ್ದಿ ಬರೆದು ಮುಗಿಸಿ, ಆಫೀಸಿನ ಮೆಟ್ಟಿಲ ಮೇಲೆ ಕೂತು ಅತ್ತಿದ್ದೆ. ಅಂಥ ಮನುಷ್ಯರನ್ನು ಈಗ ಎಲ್ಲಿಂದ ತರೋಣ!

ಇದನ್ನೆಲ್ಲ ತಿರುಪ್ಪೂರಿನ ನನ್ನ ನಾದಿನಿ ಮಾತ್ರ ನಂಬುವುದಿಲ್ಲ. “ಭಾವ ರಾಜರನ್ನ ಕ್ಯಾಲೆಂಡರಲ್ಲಿ ನೋಡಿರ್ಬೇಕು, ಅಷ್ಟೆ” ಎಂದು ಬಂಧುಬಳಗದ ಎದುರಿಗೇ ಅಂದುಬಿಡುತ್ತಾಳೆ. ನನಗೆ ನಗು ಬರುತ್ತದೆ, ನನ್ನ ಹೆಂಡತಿಗೆ ಕಣ್ಣಲ್ಲಿ ನೀರು ಬರುತ್ತದೆ. ತೋರಿಸೋಣವೆಂದರೆ ಒಂದು ಫೋಟೋ ಕೂಡ ಇಲ್ಲ.

ಮೊನ್ನೆ ದೊಡ್ಡ ರಾಜರ ಮಗ, ಸಣ್ಣ ರಾಜರು, ತಮ್ಮ ಮಗಳ ಮದುವೆಗೆ ಕರೆದರು. ವರದಿಗಾರನಾಗಿ ಅಲ್ಲ, ಅತಿಥಿಯಾಗಿ! ಹೆಂಡತಿ ರೇಷ್ಮೆ ಸೀರೆ ಉಡುತ್ತಲೇ ಅಪ್ಪಣೆ ಕೊಡಿಸಿದಳು: “ಏನುಂಗ, ಈ ಸಲ ನೀವು ರಾಜರ ಪಕ್ಕ ನಿಂತಿರೋ ಫೋಟೋ ಬೇಕು. ನನ್ನ ತಂಗಿ ಬಾಯಿ ಮುಚ್ಚಬೇಕು, ಆಮಾ, ಮುಚ್ಚಲೇಬೇಕು.”

ವೇದಿಕೆ ಹತ್ತುತ್ತಿದ್ದಂತೆ ಸಣ್ಣ ರಾಜರು ನನ್ನ ಕೈ ಹಿಡಿದುಕೊಂಡು, “ವಾಂಗ ಅಣ್ಣಾ, ಬನ್ನಿ! ಅಪ್ಪ ಇದ್ದಿದ್ರೆ ಮೊದಲು ನೀವು ಬಂದ್ರಾ ಅಂತಲೇ ಕೇಳೋರು” ಎಂದು ಪಕ್ಕಕ್ಕೆ ನಿಲ್ಲಿಸಿಕೊಂಡರು. ನನ್ನ ಇನ್ನೊಂದು ಪಕ್ಕ ಹೆಂಡತಿ, ಮುಖವರಳಿಸಿಕೊಂಡು. ಫೋಟೋದವನು “ರೆಡಿ ಸಾರ್!” ಎಂದು ಕೂಗಿದ. ನಮ್ಮ ಕಸುಬಿನಲ್ಲಿ ಆ ಕೂಗಿಗೆ ಮಾಡಬೇಕಾದ್ದು ಒಂದೇ: ಸರಕ್ಕನೆ ಫೋಟೋದವನ ಪಕ್ಕಕ್ಕೆ ಸರಿದು, ಯಾರ ಪಕ್ಕ ಯಾರಿದ್ದಾರೆಂದು ಗುರುತು ಹಾಕಿಕೊಳ್ಳುವುದು. ಇಲ್ಲದಿದ್ದರೆ ಮರುದಿನದ ಪೇಪರಿನಲ್ಲಿ ಬೀಗರು ಮದುಮಗನಾಗುತ್ತಾರೆ. ನನ್ನ ಕಾಲುಗಳು ಯಾರ ಅಪ್ಪಣೆಗೂ ಕಾಯಲಿಲ್ಲ.

ಇವತ್ತು ಬೆಳಿಗ್ಗೆ ಫೋಟೋ ಬಂತು. ಹೆಂಡತಿ ಸಂಭ್ರಮದಲ್ಲಿ ನೋಡದೆಯೇ ತಂಗಿಗೆ ಕಳಿಸಿದಳು, ಆಮೇಲೆ ನೋಡಿದಳು. ಈಗ ಅಡುಗೆಮನೆಯಲ್ಲಿ ಪಾತ್ರೆಗಳನ್ನು ಕುಕ್ಕುತ್ತಿದ್ದಾಳೆ. ಅಷ್ಟರಲ್ಲಿ ನಾದಿನಿಯ ಫೋನು.

“ಅಕ್ಕ ರಾಜರ ಜೊತೆ ಚೆನ್ನಾಗಿ ನಿಂತಿದಾಳೆ ಭಾವ. ನೀವು ಹೋಗ್ಲಿಲ್ವಾ?”

“ಹೋಗದೆ ಏನಮ್ಮ? ಎಡದಿಂದ ಬಲಕ್ಕೆ ನೋಡು: ಮದುಮಗ, ಮದುಮಗಳು, ಸಣ್ಣ ರಾಜರು, ನಿನ್ನ ಅಕ್ಕ. ಒಂದು ಹೆಸರೂ ತಪ್ಪಿಲ್ಲ. ನಾನೇ ಎದುರಿಗೆ ನಿಂತು ಬರೆದುಕೊಂಡಿದ್ದೇನೆ.”