ಎಂಟುನೂರ ಎಂಬತ್ತೆರಡು ವಾಟಿನ ರಜೆ

ದುಬೈಯಲ್ಲಿ ಬೇರೆಯವರ ಯಂತ್ರ ಕೆಟ್ಟರೆ ಕಂಪನಿಗೆ ಫೋನ್ ಹೋಗುತ್ತದೆ. ನಮ್ಮ ಗ್ಯಾರೇಜಿನಲ್ಲಿ ಮಾತ್ರ ಎಲ್ಲರೂ ನನ್ನ ಮುಖ ನೋಡುತ್ತಾರೆ. ತಪ್ಪು ಅವರದ್ದಲ್ಲ, ನನ್ನ ಮುಖವೇ ಹಾಗೆ. ವಿಜ್ಞಾನಿಯ ಮುಖ.

ಬಾಯಿ

ಕಾರು ಎತ್ತುವ ಹೈಡ್ರಾಲಿಕ್ ಲಿಫ್ಟಿನ ಮೋಟಾರು ಸುಟ್ಟುಹೋಯಿತು. ಹೊಸದು ತರೋಣವೆಂದರೆ ಹಳೆಯದರ ಮೇಲಿನ ಅಕ್ಷರವೆಲ್ಲ ಅಳಿಸಿದೆ, ಎಷ್ಟು ಪವರಿನದೆಂದು ಯಾರಿಗೂ ಗೊತ್ತಿಲ್ಲ. ಇಂಜಿನಿಯರನ್ನು ಕರೆಸುವ ಎಂದರು ನಮ್ಮ ಕೋಯಿಕ್ಕೋಡಿನ ಮ್ಯಾನೇಜರು. "ಎಂತಕ್ಕೆ ಸಾರ್? ಹತ್ತನೇ ಕ್ಲಾಸಿನ ಫಿಸಿಕ್ಸ್ ಸಾಕು" ಎಂದುಬಿಟ್ಟೆ.

ಹೆಂಡತಿಯ ತಮ್ಮನ ಮದುವೆಗೆ ನಾನು ಹದಿನೈದು ದಿನ ರಜೆ ಕೇಳಿದ್ದೆ. ಮ್ಯಾನೇಜರು ಆ ಫಾರಂ ತೆಗೆದು ನನ್ನ ಕೈಗೇ ವಾಪಸ್ ಇಟ್ಟರು. ಲಿಫ್ಟ್ ಎದ್ದ ದಿನ ಸಹಿ, ಏಳದಿದ್ದರೆ ರಜೆ ಖಲಾಸ್. ಹತ್ತನೇ ಕ್ಲಾಸಿನಲ್ಲಿ ಫಿಸಿಕ್ಸಿಗೆ ಎಷ್ಟು ಬಂದಿತ್ತು ಎಂದು ಮಾತ್ರ ಅವರು ಕೇಳಲಿಲ್ಲ. ಕೇಳಿದ್ದರೆ ನಾನೂ ಹೇಳುತ್ತಿರಲಿಲ್ಲ.

ಕೆಂಪು ಪೆನ್ನು

ನನ್ನ ಹೆಂಡತಿ ಶಾಲೆಯಲ್ಲಿ ಫಿಸಿಕ್ಸ್ ಟೀಚರ್. ಹಾಗೆಂದು ಅವಳನ್ನು ಕೇಳಲಿಕ್ಕೆ ನನಗೇನು ಬಡತನ? ಅಲ್ ನಹ್ದಾದ ನಮ್ಮ ಫ್ಲ್ಯಾಟಿನ ಊಟದ ಮೇಜಿನಲ್ಲಿ ನಾನೇ ಲೆಕ್ಕಕ್ಕೆ ಕೂತೆ. ಮೂರು ಟನ್ ಭಾರ, ಒಂದು ಪಾಯಿಂಟ್ ಎಂಟು ಮೀಟರ್ ಎತ್ತರ, ಒಂದು ನಿಮಿಷ. ಮೂರು ಸಾವಿರ ಕಿಲೋವನ್ನು ಒಂಬತ್ತು ಪಾಯಿಂಟ್ ಎಂಟರಿಂದ ಗುಣಿಸಿ, ಮತ್ತೆ ಎತ್ತರದಿಂದ ಗುಣಿಸಿ, ಅರುವತ್ತು ಸೆಕೆಂಡಿನಿಂದ ಭಾಗಿಸಿದೆ. ಎಂಟುನೂರ ಎಂಬತ್ತೆರಡು ವಾಟ್.

ಅವಳು ಹಿಂದಿನಿಂದ ಬಗ್ಗಿ ನೋಡಿ, ಪಂಪು, ಪೈಪು, ಎಣ್ಣೆ ಎಲ್ಲ ದಾರಿಯಲ್ಲಿ ತಿಂದುಹಾಕುವ ಶಕ್ತಿಗೆ ಏನಿಟ್ಟಿದ್ದೀರಿ ಎಂದು ಕೇಳಿದಳು. ಕೆಂಪು ಪೆನ್ನಿನಲ್ಲಿ ಸಾವಿರದ ಐನೂರು ಎಂದು ತಿದ್ದಿದಳು. "ಮದುವೆಯ ಫೋಟೋದಲ್ಲಿ ನೀವಿಲ್ಲದಿದ್ದರೆ ನೋಡಿ ಮತ್ತೆ" ಎಂದೂ ಸೇರಿಸಿದಳು.

ನನಗೆ ಸಿಕ್ಕಿದ್ದು ಹತ್ತಕ್ಕೆ ನಾಲ್ಕು. ಇಪ್ಪತ್ತು ವರ್ಷದ ಸಂಸಾರದಲ್ಲಿ ಅವಳು ನನಗೆ ಕೊಟ್ಟ ಅತಿ ಹೆಚ್ಚಿನ ಅಂಕ ಅದು.

ಮಿಕ್ಸಿ

ನನ್ನ ಉತ್ತರ ಕೇಳಿ ಮ್ಯಾನೇಜರು ಕುರ್ಚಿಯಲ್ಲೇ ಕುಲುಕಾಡಿ ನಕ್ಕರು. ಅಷ್ಟು ಪವರ್ ಎಂದರೆ ಎರಡು ಮಿಕ್ಸಿಯದ್ದಾಯಿತು, ಎರಡು ಮಿಕ್ಸಿ ಸೇರಿ ತಮ್ಮ ಜೀಪು ಎತ್ತುತ್ತವಾ ಎಂದರು.

"ಎತ್ತುತ್ತವೆ ಸಾರ್, ಅವಸರ ಮಾಡಬಾರದು ಅಷ್ಟೇ. ಅರ್ಧ ಗಂಟೆ ಕೊಟ್ಟರೆ ನಿಮ್ಮ ಈ ಟೇಬಲ್ ಫ್ಯಾನಿನ ಮೋಟಾರೂ ಎತ್ತುತ್ತದೆ."

ಮರುದಿನದಿಂದ ನಮ್ಮ ಪೇಶಾವರದ ಮೆಕ್ಯಾನಿಕ್ ಆ ಫ್ಯಾನಿಗೆ ಸಲಾಂ ಹೊಡೆದೇ ಆಫೀಸಿನೊಳಗೆ ಬರುತ್ತಿದ್ದ.

ಮೇಲೆ

ಕೆಂಪು ಪೆನ್ನಿನ ಸಾವಿರದ ಐನೂರು ವಾಟಿನದ್ದೇ ಹೊಸ ಮೋಟಾರು ಬಂತು, ನಾನೇ ಕೂಡಿಸಿದೆ. ಪರೀಕ್ಷೆಯ ದಿನ ಮ್ಯಾನೇಜರು ಹಟಕ್ಕೆ ಬಿದ್ದು ತಮ್ಮ ಜೀಪಿನೊಳಗೇ ಕೂತರು, ಎದ್ದರೆ ತಮ್ಮ ಸಮೇತ ಏಳಬೇಕಂತೆ. ಸ್ವಿಚ್ ಒತ್ತಿದೆ. ಜೀಪು ಮದುಮಗಳ ಹಾಗೆ ನಿಧಾನಕ್ಕೆ ಎದ್ದಿತು. ಐವತ್ತೆಂಟೇ ಸೆಕೆಂಡು. ಗ್ಯಾರೇಜಿಗೆ ಗ್ಯಾರೇಜೇ ಚಪ್ಪಾಳೆ ತಟ್ಟಿತು.

ಯಲ್ಲಾ, ಬೇಗ ಇಳಿಸಿ ಎಂದರು ಮ್ಯಾನೇಜರು. ಇಳಿಯಲಿಲ್ಲ. ಒತ್ತಿದೆ, ತಟ್ಟಿದೆ, ಕೈ ಮುಗಿದೆ. ಇಳಿಯುವ ಲೆಕ್ಕವನ್ನು ನಾನು ಹಾಕಿರಲೇ ಇಲ್ಲ. ಕಂಬದ ಮರೆಗೆ ಹೋಗಿ ಹೆಂಡತಿಗೆ ಫೋನ್ ಮಾಡಿ, ಮೂರು ಟನ್ ಇಳಿಸಲಿಕ್ಕೆ ಎಷ್ಟು ವಾಟ್ ಬೇಕು ಎಂದು ಕೇಳಿದೆ.

"ಇಳಿಯಲಿಕ್ಕೆ ಪವರ್ ಎಂತಕ್ಕೆ ಮಾರಾಯ್ರೆ? ಅದರ ಭಾರವೇ ಅದನ್ನು ಇಳಿಸ್ತದೆ. ಎಣ್ಣೆ ವಾಪಸ್ ಹೋಗುವ ವಾಲ್ವ್ ತೆಗೀರಿ, ಸಾಕು."

ವಾಲ್ವ್ ಇತ್ತು, ಅದನ್ನು ತಿರುಗಿಸುವ ಹಿಡಿ ಇರಲಿಲ್ಲ. ಮೋಟಾರು ಕೂಡಿಸುವಾಗ ಅಡ್ಡ ಬರುತ್ತದೆಂದು ಬಿಚ್ಚಿ ಎಡ ಜೇಬಿಗೆ ಹಾಕಿದ್ದವನು ನಾನೇ. ಯಾರಿಗೂ ಕಾಣದ ಹಾಗೆ ತೆಗೆಯಬೇಕೆನ್ನುವಷ್ಟರಲ್ಲಿ ಮೇಲಿನಿಂದ ಜೀಪಿನ ಕಿಟಕಿ ಇಳಿಯಿತು.

"ನಿಮ್ಮ ರಜೆಯ ಫಾರಂ ಎಲ್ಲಿ? ಹದಿನೈದು ದಿನ ಅಲ್ಲ, ಒಂದು ತಿಂಗಳು ಬರೀರಿ. ಸಹಿ ಈಗಲೇ ಹಾಕ್ತೇನೆ, ನನ್ನನ್ನು ಇಳಿಸಿ."

ಎಡ ಜೇಬಿನಲ್ಲಿ ಹಿಡಿ, ಬಲ ಜೇಬಿನಲ್ಲಿ ಫಾರಂ.

ನಾನು ಹುಟ್ಟಿದಂದಿನಿಂದ ಬಲಗೈಯವನು.