ಪೌಡರಿಲ್ಲದ ಫೋಟೋ

ನನ್ನ ಸೋದರಮಾವ ಸಿನಿಮಾದ ಬಹಳ ದೊಡ್ಡ ಕ್ಯಾಮೆರಾಮನ್. ಎಷ್ಟು ದೊಡ್ಡವನೆಂದರೆ, ಅವನು ತೆಗೆದ ಒಂದು ಸಿನಿಮಾವನ್ನೂ ಸೊಲ್ಲಾಪುರದಲ್ಲಿ ಒಬ್ಬರೂ ನೋಡಿಲ್ಲ! ನೋಡುವುದಾದರೂ ಹೇಗೆ? ಅವೆಲ್ಲ ಪಶ್ಚಿಮ ಆಫ್ರಿಕಾದ ಘಾನಾ ದೇಶದವು. ಮುಂಬೈ ಸ್ಟುಡಿಯೋದಲ್ಲಿ ದೀಪ ಹೊರುತ್ತಿದ್ದವನು ಯಾವುದೋ ತಂಡದ ಜೊತೆ ಅಲ್ಲಿಗೆ ಹೋಗಿ, ಕ್ಯಾಮೆರಾ ಹಿಡಿದು ಅಲ್ಲೇ ನಿಂತುಬಿಟ್ಟ. ನಮ್ಮ ಚಾದರ ಅಂಗಡಿಯ ಗಿರಾಕಿಗಳಿಗೆ ನಾನು ಆ ಸಿನಿಮಾಗಳ ಕಥೆಯನ್ನೆಲ್ಲ ಕಂಡವನಂತೆ ಹೇಳುತ್ತಿದ್ದೆ. ಒಂದರಲ್ಲಿ ಆನೆಯೇ ಹೀರೋ ಎಂದೂ ಸೇರಿಸಿದ್ದೆ.

ಎಪ್ಪತ್ತರ ದಶಕದ ಒಂದು ಚಳಿಗಾಲ ಅವನು ರಜೆಗೆ ಬಂದ. ಕೊರಳಲ್ಲಿ ಬೆಳಕು ಅಳೆಯುವ ಮೀಟರು. ಸಿಕ್ಕವರ ಗಲ್ಲಕ್ಕೆಲ್ಲ ಅದನ್ನು ಹಿಡಿಯುತ್ತಿದ್ದ. ಮೊಸರಿನವಳು ಡಾಕ್ಟರನೆಂದು ತಿಳಿದು ಬಾಯಿ ತೆರೆದು ನಾಲಿಗೆ ಚಾಚಿದಳು. ಊಟಕ್ಕೆ ಕರೆದರೂ ಕಿಟಕಿ ನೋಡಿ, "ತಡಿ ಅಕ್ಕಾ, ಬೆಳಕು ಇನ್ನಾ ಬಂದಿಲ್ಲ" ಎನ್ನುವವನು.

"ರೊಟ್ಟಿಗೆ ಹಚ್ಕೊಂಡು ತಿನ್ನಾಕ ಬೆಳಕೇನು ಪಲ್ಯಾ ಏನೋ?" ಅವ್ವ ಬೈಯುತ್ತಿದ್ದಳು. ಆದರೆ ಅವನು ಕ್ಯಾಮೆರಾ ಎತ್ತಿದ ಕೂಡಲೇ ಅವಳಿಗೆ ಒಲೆಯ ಮೇಲಿನ ಹಾಲು ನೆನಪಾಗುತ್ತಿತ್ತು.

ಆಗ ಮನೆಯಲ್ಲಿ ನನ್ನ ತಂಗಿಯ ಮದುವೆಯ ಮಾತು ನಡೆದು, ನಿಂತೂ ಹೋಗಿತ್ತು. ತಂಗಿ ಅವ್ವನಂತೆ ಕಪ್ಪು. ವರನ ಕಡೆಗೆ ಕಳಿಸುವ ಫೋಟೋಕ್ಕೆ ಸ್ಟುಡಿಯೋದವನು ಎಷ್ಟು ಪೌಡರ್ ಬಳಿದಿದ್ದನೆಂದರೆ, ಹಿಟ್ಟಿನ ಗಿರಣಿಯಲ್ಲಿ ತೆಗೆದಂತಿತ್ತು. ಅದನ್ನು ಮೆಚ್ಚಿ ವಳಸಂಗ ಎಂಬ ಊರಿನಿಂದ ಬಂದ ವರನ ಕಡೆಯವರು ತಂಗಿಯನ್ನು ನೋಡಿ, "ಫೋಟೋದಾಗಿನ ಹುಡುಗೀನ್ನ ಕರೀರಿ" ಎಂದರು. ಚಹಾ ಕುಡಿದು ಎದ್ದುಹೋದರು.

"ಇನ್ನ ಯಾರರೇ ಫೋಟೋ ಅಂದ್ರ ನಾ ಮದುವಿನ ಆಗಂಗಿಲ್ಲ" ಎಂದು ತಂಗಿ ಹಟ ಹಿಡಿದಳು.

ಮಾವ ಅವಳನ್ನೂ ನನ್ನನ್ನೂ ಅಕ್ಕಲಕೋಟೆಯ ಅಜ್ಜನ ಮನೆಗೆ ಎಳೆದುಕೊಂಡು ಹೋದ. ಹಿತ್ತಲಲ್ಲಿ ಅವಳ ಮುಖ ತೊಳೆಸಿದ.

"ಪೌಡರ್ ಬ್ಯಾಡೇನ್ರಿ ಮಾಮಾ?"

"ಹುಚ್ಚಿ, ಘಾನಾದಾಗ ನಮ್ಮ ಹೀರೋಯಿನ್‌ಗೋಳು ನಿನಗಿಂತ ಕರ್ರಗ ಅದಾರ. ಅವರಿಗೆ ಪೌಡರ್ ಅಲ್ಲ, ಬೆಳಕು ಹಚ್ಚಬೇಕು. ಅದ ನನ್ನ ಧಂದಾ. ಸೀದಾ ಬಿಸಿಲು ನಕೋ, ಬಿಳೀ ಅರಿವಿಗೆ ಬಡದು ಬರೂದು ಸಾಕು."

ಆ ಬಿಳೀ ಅರಿವೆಯೆಂದರೆ ನಮ್ಮ ಅಂಗಡಿಯ ಚಾದರ, ಹಿಡಿಯುವ ಕಂಬ ನಾನು. ಮಧ್ಯಾಹ್ನದಿಂದ ಕೈ ಎತ್ತಿ ನಿಂತೆ. ಬೆಳಕಿಗೆ ಕಾದರೆ ಬಂದದ್ದು ಗಾಳಿ. ಚಾದರದ ಸಮೇತ ಹಾರಿ ಜೋಳದ ಕಣಿಕೆಯ ಬಣವೆಗೆ ಬಿದ್ದೆ. ಬಿಳಿ ಭೂತ ಕಂಡಂತೆ ಅಜ್ಜನ ಎಮ್ಮೆ ಹಗ್ಗ ಹರಿದುಕೊಂಡು ಓಡಿತು.

"ನೋಡ್ರಿ ಮಾಮಾ, ನಿಮ್ಮ ಲೈಟ್‌ಮನ್ನಾ!" ತಂಗಿ ಗೋಡೆಗೊರಗಿ ನಕ್ಕಳು. ಎಷ್ಟು ದಿನದ ಮೇಲೋ. ಕ್ಯಾಮೆರಾ ಕ್ಲಿಕ್ ಎಂದಿತು. ಮಾವ ಕಾದದ್ದು ಬೆಳಕಿಗೋ ಆ ನಗುವಿಗೋ, ನನಗೆ ಇಂದಿಗೂ ಗೊತ್ತಿಲ್ಲ.

ಸೊಲ್ಲಾಪುರಕ್ಕೆ ಮರಳಿದ ಮೇಲೆ ಒಂದು ಸಂಜೆ ಮಾವ ಫೋಟೋ ತಂದ. ತಂಗಿ ಅದರಲ್ಲಿ ಕಪ್ಪಗೇ ಇದ್ದಳು, ಎಣ್ಣೆ ಸವರಿದ ಕರಿಮಣಿಯಂತೆ ಮಿನುಗುತ್ತಿದ್ದಳು.

"ವಳಸಂಗಕ್ಕ ಕಳಸೂಣೇನು?" ಎಂದೆ.

"ಇದನ್ನ ಯಾರಿಗೂ ಕೊಡಂಗಿಲ್ಲ" ಎಂದಳು. "ನೋಡೂದಿದ್ರ ಮನೀಗೆ ಬರ್ಲಿ. ನಾನೂ ಹಿಂಗ ಇರ್ತೀನಿ."

ಅವ್ವ ರೊಟ್ಟಿ ಬಿಟ್ಟು ಬಂದು ಫೋಟೋ ಹಿಡಿದು ನಿಂತಳು. ಅಲ್ಲಿಯತನಕ ನಮ್ಮ ಮನೆಯಲ್ಲಿ ಅವ್ವನದೊಂದೂ ಫೋಟೋ ಇರಲಿಲ್ಲ. ಯಾರು ಕ್ಯಾಮೆರಾ ತಂದರೂ ಹಾಲು ಉಕ್ಕುತ್ತಿತ್ತಲ್ಲ, ಅದನ್ನು ನಾವೆಲ್ಲ ತಮಾಷೆ ಎಂದುಕೊಂಡಿದ್ದೆವು.

ಅವಳು ಸೆರಗಿನಿಂದ ಗಲ್ಲದ ಹಿಟ್ಟು ಒರೆಸಿಕೊಂಡು, ಕಿಟಕಿಯ ಕಡೆ ನೋಡಿ ಮೆಲ್ಲಗೆ ಕೇಳಿದಳು:

"ತಮ್ಮಾ, ಬೆಳಕು ಇನ್ನಾ ಐತೇನೋ?"